ಮಲಗಿದ ತ್ರಿಭುಜ

ಮಾರ್ಚ್ ೪, ಮಂಗಳವಾರ
ತಮ್ಮನ ಧ್ವನಿ ಸಂದೇಶ

ಹಲೋ, ಅಕ್ಕಾ. ಕೆಂಪು ಚುಕ್ಕೆ ಕಾಣ್ತಿದೆ, ಅಂದ್ರೆ ರೆಕಾರ್ಡ್ ಆಗ್ತಿದೆ ಅಂತ ಲೆಕ್ಕ. ಹೋದ ಸಲ ಅರ್ಧ ಗಂಟೆ ಮಾತಾಡಿ ನೋಡಿದ್ರೆ ಬಟನ್ನೇ ಒತ್ತಿರ್ಲಿಲ್ಲ. ನೀನು ಬಚಾವಾದೆ.

ಗಂಟಲು ಹೇಗಿದೆ? ಥೂ, ಕೇಳಿದ್ರೆ ನೀನು ಹೇಳೋದಾದ್ರೂ ಹೇಗೆ. ಬರಿ. ಡಾಕ್ಟ್ರು ಮಾತಾಡ್ಬೇಡಿ ಅಂದಿರೋದು ಆಪರೇಷನ್ ಗಾಯ ಮಾಗೋವರೆಗೆ ತಾನೇ? ಅಷ್ಟು ವರ್ಷ ಮಕ್ಕಳ ಮೇಲೆ ಗಣಿತ ಗಣಿತ ಅಂತ ಕೂಗಾಡಿದ್ದೀಯ, ಸ್ವಲ್ಪ ದಿನ ಬರೆದೇ ಬೈಯಿ. ನೀನು ಬರೆದ್ರೆ ಬೈಗುಳಕ್ಕೂ ಪೂರ್ಣವಿರಾಮ ಇರುತ್ತೆ. ನನಗೆ ನಾಲ್ಕು ಸಾಲು ಬರೆಯೋದ್ರೊಳಗೆ ಕೈ ನೋಯುತ್ತೆ, ನಾನು ಮಾತೇ ಆಡೋನು.

ಕಲ್ಲು ಕೆತ್ತೋನು ನಿನ್ನೆ ಬಂದಿದ್ದ. ಸಮಾಧಿ ಕಲ್ಲಿಗೆ ಅಮ್ಮನ ಹೆಸರು ಕೆತ್ತಿ ಆಗಿದೆಯಂತೆ. ಕೆಳಗೆ ಒಂದು ಸಾಲಿನ ಜಾಗ ಬಿಟ್ಟಿದ್ದಾನೆ. 'ನಿಮ್ಮಣ್ಣನ ಹೆಸರೂ ಅದೇ ಕಲ್ಲಲ್ಲಿ ಬರ್ಬೇಕು ಅಂತ ನಿಮ್ಮಕ್ಕ ಬರ್ದಿದ್ದಾರೆ. ನಿಮ್ಮ ಒಪ್ಪಿಗೆ ಕೇಳಿ ಅಂದ್ರು' ಅಂದ. ನಾನು ಹೂಂ ಅನ್ಲಿಲ್ಲ, ಊಹೂಂನೂ ಅನ್ಲಿಲ್ಲ. ಟೀ ಕುಡಿಸಿ ಕಳಿಸ್ದೆ. ಅಕ್ಕಾ, ಅಮ್ಮ ಕಣ್ಣು ಮುಚ್ಚೋವರೆಗೂ ಗಂಟಣ್ಣನ ತಟ್ಟೆ ತೊಳೆದು ಇಡ್ತಿದ್ಲು. ಈಗ ಅವಳ ತಲೆ ಮೇಲಿನ ಕಲ್ಲಲ್ಲೇ ಅವನು ಸತ್ತ ಅಂತ ಕೆತ್ತಿಸೋದಾ? ಲಾರಿ ಇಳಿದು ಎಲ್ಲೋ ಹೋದೋನು ಸತ್ತೋನು ಅಂತ ಯಾರು ಹೇಳಿದ್ದು?

ಸರಿ, ಜಗಳ ಬೇಡ. ಇನ್ನೊಂದು ವಿಷಯ ಹೇಳ್ತೀನಿ, ನಗ್ಬೇಡ.

ಶನಿವಾರ ಮಧ್ಯಾಹ್ನ ಅಂಗಡಿ ಫೋನು ಬಂತು. ಮೊಬೈಲಲ್ಲ, ಮೇಜಿನ ಮೇಲಿರೋ ಹಳೇದು, ಯಾರು ಮಾಡಿದ್ದು ಅಂತ ತೋರಿಸದ ಪೆದ್ದ ಫೋನು. ಸೂಜಿಯಮ್ಮನ ಮಿಷನ್ ಗಡಗಡ ಅಂತಿತ್ತು. 'ಸ್ವಲ್ಪ ನಿಲ್ಸಮ್ಮ' ಅಂದೆ. 'ದಿನವಿಡೀ ನಿಮ್ಮ ಬಾಯಿ ನಿಲ್ಸಿ ಅಂತ ನಾನು ಕೇಳ್ತೀನಾ?' ಅಂದ್ಲು. ಹತ್ತು ವರ್ಷದಿಂದ ಹೊಲೀತಿದ್ದಾಳೆ, ಹತ್ತು ವರ್ಷದಿಂದ ಇದೇ ಮರ್ಯಾದೆ. ಒಂದು ಕಿವಿ ಮುಚ್ಕೊಂಡು ಕೇಳಿಸ್ಕೊಂಡೆ.

ಗಂಡಸಿನ ದನಿ. 'ನೆರಳುಬಟ್ಟೆ ಬೇಕು. ಮೂರು ಮೂಲೆದು.' ಈಗ ಸ್ಕೂಲ್ ಅಂಗಳಕ್ಕೆ, ಕಾರು ನಿಲ್ಸೋ ಜಾಗಕ್ಕೆ ಎಲ್ಲರಿಗೂ ಮೂರು ಮೂಲೆದೇ ಬೇಕು, ಅದರಲ್ಲಿ ವಿಶೇಷ ಇಲ್ಲ. 'ಅಳತೆ ಕಂಬದಿಂದ ಕಂಬಕ್ಕಾ ಸಾರ್, ಬಟ್ಟೆದಾ?' ಅಂದೆ. ಯಾಕಂದ್ರೆ ಬಟ್ಟೆ ಯಾವಾಗ್ಲೂ ಕಂಬದ ಅಂತರಕ್ಕಿಂತ ಒಂದು ಗೇಣು ಚಿಕ್ಕದಿರ್ಬೇಕು. ಆ ಖಾಲಿ ಜಾಗ ಇದ್ರೇನೇ ಎಳೆದು ಬಿಗಿಯೋಕಾಗೋದು, ಇಲ್ದಿದ್ರೆ ಜೋತು ಬೀಳುತ್ತೆ. ಅವನು ಅಂದ, 'ಎರಡೂ ಅಲ್ಲ. ಹಗ್ಗದ ಅಳತೆ. ಅಂಚಿನ ಹಗ್ಗ ಸುತ್ತಲೂ ಸೇರಿ ಮೂವತ್ತಾರಡಿ. ಎರಡನೇ ಬದಿ ಮೊದಲನೇದಕ್ಕಿಂತ ಮೂರಡಿ ಜಾಸ್ತಿ. ಮೂರನೇದು ಮೊದಲನೇದಕ್ಕಿಂತ ಆರಡಿ ಜಾಸ್ತಿ. ಆದ್ಮೇಲೆ ಯಾರಾದ್ರೂ ಬಂದು ತಗೋತಾರೆ.' ಇಟ್ಟುಬಿಟ್ಟ.

ಯಾರು ಹೀಗೆ ಆರ್ಡರ್ ಕೊಡ್ತಾರೆ ಹೇಳು! ಎಲ್ಲರೂ ಹತ್ತು, ಹದಿನೈದು ಅಂತಾರೆ. ಇವನು ಪರೀಕ್ಷೆ ಪೇಪರ್ ಓದಿದ. ನಾನೂ ಪೆದ್ದನ ಹಾಗೆ ಬಿಡಿಸೋಕೆ ಕೂತೆ. ಮೂವತ್ತಾರರಲ್ಲಿ ಆ ಜಾಸ್ತಿ ಮೂರು, ಜಾಸ್ತಿ ಆರು ತೆಗೆದೆ, ಇಪ್ಪತ್ತೇಳು ಉಳೀತು. ಈಗ ಮೂರು ಬದಿನೂ ಸಮ. ಮೂರಕ್ಕೆ ಹಂಚಿದ್ರೆ ಒಂಬತ್ತು. ಒಂಬತ್ತು, ಹನ್ನೆರಡು, ಹದಿನೈದು.

ಬರೆದ್ಮೇಲೆ ಪೆನ್ಸಿಲ್ ಕೈಯಲ್ಲೇ ನಿಂತುಹೋಯ್ತು ಅಕ್ಕ. ಗಂಟಣ್ಣ, ನೀನು, ನಾನು ಹಗ್ಗ ಹಿಡಿದು ಆಡ್ತಿದ್ದ ಅಪ್ಪನ ಮೊದಲನೇ ಲೆಕ್ಕ. ಅದೇ ಮಾತು, ಅದೇ ಕ್ರಮ.

ನಿನ್ನೆ ಹೊಲಿದು ಮುಗೀತು. ನಾನು ಬ್ಯಾಂಕಿಗೆ ಹೋಗಿದ್ದಾಗ ಯಾರೋ ಬಂದು ಒಯ್ದರಂತೆ. ಯಾರು ಅಂದ್ರೆ ಸೂಜಿಯಮ್ಮ, 'ಕೈ ಇತ್ತು, ಕಾಲಿತ್ತು, ನಿಮ್ಮ ಹಾಗೆ ಪ್ರಶ್ನೆ ಕೇಳ್ಲಿಲ್ಲ' ಅಂದ್ಲು. ಅಷ್ಟೇ.

ಇಡ್ತೀನಿ. ಬರಿ.


ಮಾರ್ಚ್ ೯
ಅಕ್ಕನ ಪತ್ರ

ಪ್ರೀತಿಯ ತಮ್ಮ,

ನಿನ್ನ ಸಂದೇಶವನ್ನು ಎರಡು ಸಲ ಕೇಳಿದೆ. ಎರಡನೆಯ ಸಲ ಕೇಳಿದ್ದು, ಮೊದಲನೆಯ ಸಲ ಹೊಲಿಗೆ ಯಂತ್ರದ ಸದ್ದಿನಲ್ಲಿ ಅರ್ಧ ಮಾತು ಹೋಗಿತ್ತು ಎಂಬ ಕಾರಣಕ್ಕೆ. ಬೇರೆ ಅರ್ಥ ಕಲ್ಪಿಸಿಕೊಳ್ಳಬೇಡ.

ಗಂಟಲು ಪರವಾಗಿಲ್ಲ. ದಿನಕ್ಕೆ ಒಂದು ಶಬ್ದ ಹೇಳಿ ಅಭ್ಯಾಸ ಮಾಡಿ ಎಂದಿದ್ದಾರೆ. ಯಾವ ಶಬ್ದ ಎಂದು ಹೇಳಿಲ್ಲ. ನಾನಿನ್ನೂ ಆರಿಸಿಕೊಂಡಿಲ್ಲ.

ಒಂಬತ್ತು, ಹನ್ನೆರಡು, ಹದಿನೈದು ನಮ್ಮ ಅಪ್ಪನ ಸ್ವಂತ ಆಸ್ತಿಯಲ್ಲ. ಲಂಬಕೋನ ಬೇಕಾದ ಗಾರೆಯವನೂ ಅದನ್ನು ಬಲ್ಲ, ಬಡಗಿಯೂ ಬಲ್ಲ. ನಿನಗೆ ಫೋನ್ ಮಾಡಿದವನು ನಿವೃತ್ತ ಮೇಷ್ಟ್ರೋ, ಕೆಲಸವಿಲ್ಲದ ಇಂಜಿನಿಯರೋ ಇರಬೇಕು. ಮೇಷ್ಟ್ರುಗಳು ತರಕಾರಿಯನ್ನೂ ಹೀಗೆಯೇ ಕೊಳ್ಳುತ್ತಾರೆ. ನಾನೇ ಕೊಂಡಿದ್ದೇನೆ.

ಈಗ ಕಲ್ಲಿನ ಮಾತು. ಅವನು ಸತ್ತ ಎಂದು ಕೆತ್ತಿಸುತ್ತಿಲ್ಲ. ಅವನ ಹೆಸರನ್ನು ಮಾತ್ರ ಕೆತ್ತಿಸುತ್ತಿದ್ದೇನೆ. ಮುಂದೆ ನಾವಿಬ್ಬರೂ ಇಲ್ಲದಾದಾಗ ಅವನ ಹೆಸರನ್ನು ಓದುವ ಒಂದು ಜಾಗವಾದರೂ ಇರಲಿ. ಬಾಗಿಲ ಕಡೆ ಕಿವಿಯಿಟ್ಟೇ ಅಮ್ಮ ಬದುಕು ಮುಗಿಸಿದಳು. ಸದ್ದಾದಾಗಲೆಲ್ಲ ತುತ್ತು ಅರ್ಧಕ್ಕೆ ನಿಲ್ಲಿಸುತ್ತಿದ್ದಳು, ನೀನೂ ನೋಡಿದ್ದೀಯ. ನನಗೆ ಹಾಗೆ ಬದುಕಿ ಸಾಕಾಗಿದೆ. ನಿನ್ನ ಒಪ್ಪಿಗೆ ಇಲ್ಲದೆ ಕೆತ್ತಿಸುವುದಿಲ್ಲ, ಆದರೆ ಬೇಗ ಒಪ್ಪಿಕೋ.

ಅಕ್ಕ

ಕಡೆಯ ಮಾತು: ದನಿ ಹೇಗಿತ್ತು? ಸುಮ್ಮನೆ ಕೇಳಿದೆ.


ಮಾರ್ಚ್ ೧೨, ಬುಧವಾರ
ತಮ್ಮನ ಧ್ವನಿ ಸಂದೇಶ

ಅಕ್ಕಾ, ಮತ್ತೆ ಬಂತು.

ತಡಿ, ಬಾಗಿಲು ಹಾಕ್ತೀನಿ. ಸೂಜಿಯಮ್ಮ ಊಟಕ್ಕೆ ಹೋಗಿದ್ದಾಳೆ, ಬಂದ್ರೆ ಹಂಗಿಸ್ತಾಳೆ. ಹಾಂ.

ಬೆಳಿಗ್ಗೆ ಅಂಗಡಿ ತೆಗೆದು ಕಸ ಗುಡಿಸ್ತಿದ್ದೆ. ಅದೇ ದನಿ. 'ಹಗ್ಗ ಮೂವತ್ತಾರಡಿ. ಎರಡು ಬದಿ ಸಮ. ಮೂರನೇದು ಅವುಗಳಲ್ಲಿ ಒಂದಕ್ಕಿಂತ ಆರಡಿ ಕಡಿಮೆ. ಯಾರಾದ್ರೂ ಬಂದು ತಗೋತಾರೆ.' ಈ ಸಲ ಪೆನ್ಸಿಲ್ ಹುಡುಕಲೇ ಇಲ್ಲ ಅಕ್ಕ, ಬಾಯಲ್ಲೇ ಬಂತು. ಆ ಕಡಿಮೆ ಆರನ್ನ ಸೇರಿಸಿದ್ರೆ ನಲವತ್ತೆರಡು, ಮೂರಕ್ಕೆ ಹಂಚಿದ್ರೆ ಹದಿನಾಲ್ಕು. ಹದಿನಾಲ್ಕು, ಹದಿನಾಲ್ಕು, ಎಂಟು. ನಾನು ಜೋರಾಗಿ ಹೇಳ್ದೆ. ಆ ಕಡೆಯಿಂದ 'ಹೂಂ' ಅಂದ. ಸರಿ ಉತ್ತರ ಬಂದಾಗ ಅಪ್ಪ ಅಂತಿದ್ರಲ್ಲ, ಆ ಥರ ಮೂಗಲ್ಲಿ.

'ಸಾರ್, ತಾವು ಯಾರು?' ಅಂದೆ. ಆ ಕಡೆ ಬರೀ ಗಾಳಿ, ದೊಡ್ಡ ಬಟ್ಟೆ ಪಟಪಟ ಹೊಡ್ಕೊಳ್ಳೋ ಸದ್ದು. ಒಂದು ಮೂಲೆ ಕಟ್ಟದೇ ಬಿಟ್ರೆ ಹೊಡ್ಕೊಳ್ಳುತ್ತಲ್ಲ, ಹಾಗೆ. ಆಮೇಲೆ ಕಟ್ ಆಯ್ತು.

ದನಿ ಹೇಗಿತ್ತು ಅಂತ ಕೇಳಿದ್ದೀಯ. ಮನೆ ಬಿಟ್ಟಾಗಿದ್ದ ಇಪ್ಪತ್ತೆರಡರ ಗಂಟಣ್ಣನದಲ್ಲ, ವಯಸ್ಸಾದೋನದು ಅಂತಲೂ ಹೇಳೋಕಾಗಲ್ಲ. ನಾನು ಈ ರೆಕಾರ್ಡ್ ಮಾಡ್ತೀನಲ್ಲ, ಆಮೇಲೆ ನಾನೇ ಹಾಕಿ ಕೇಳಿದ್ರೆ ಯಾರೋ ಬೇರೆಯವರು ಮಾತಾಡ್ದ ಹಾಗೆ ಇರುತ್ತೆ, ಆದ್ರೆ ನಮ್ಮ ಮನೆಯವರೇ ಅನ್ಸುತ್ತೆ. ಹಾಗಿತ್ತು.

ಅಕ್ಕಾ, ನಿನಗೆ ಗೊತ್ತಿಲ್ದೇ ಇರೋದೇನಲ್ಲ, ಆದ್ರೂ ಹೇಳ್ತೀನಿ, ಹೇಳದಿದ್ರೆ ನನಗೆ ಸಮಾಧಾನ ಇಲ್ಲ. ಅಪ್ಪ ಜಮೀನು ಅಳೆಯೋ ಕೆಲಸದಿಂದ ಬಂದು ಕೈಕಾಲು ತೊಳೆಯೋಕೂ ಮುಂಚೆ ಆ ಹಗ್ಗ ತೆಗೀತಿದ್ರು. ಎರಡು ತುದಿ ಸೇರಿಸಿ ಕಟ್ಟಿದ್ದು, ಅಡಿಗೊಂದು ಸಣ್ಣ ಗಂಟು, ಸೇರಿಸಿದ ಜಾಗದಲ್ಲಿ ಮುಷ್ಟಿಯಷ್ಟು ದೊಡ್ಡ ಗಂಟು. ನಾವು ಮೂರೂ ಜನ ಒಂದೊಂದು ಮೂಲೆ. ದೊಡ್ಡ ಗಂಟು ಯಾವಾಗ್ಲೂ ಅವನಿಗೇ ಬೇಕು. ಅದಕ್ಕೇ ಗಂಟಣ್ಣ ಆದ. ಅಪ್ಪ ಮಾತಲ್ಲಿ ಲೆಕ್ಕ ಹೇಳೋರು, ನಾವು ಕೈಯಲ್ಲಿ ಹಗ್ಗ ಜಾರಿಸ್ತಾ, ಗಂಟು ಎಣಿಸ್ತಾ ಸರಿದು ಸರಿದು ನಿಲ್ಲೋದು. ಬಿಗಿಯಾಗಿ ನಿಂತ್ರೆ 'ಹೂಂ'. ಮೊದಲನೇದು ಒಂಬತ್ತು, ಹನ್ನೆರಡು, ಹದಿನೈದು. ಎರಡನೇದು ಹದಿನಾಲ್ಕು, ಹದಿನಾಲ್ಕು, ಎಂಟು. ಕ್ರಮ ಯಾವತ್ತೂ ತಪ್ಪಿದ್ದಿಲ್ಲ.

ಮೂರನೇದು ನೆನಪಿದೆಯಾ? ಎರಡನೇ ಬದಿ ಮೊದಲನೇದರ ಎರಡರಷ್ಟು, ಮೂರನೇದು ಮೂರರಷ್ಟು. ಆರು, ಹನ್ನೆರಡು, ಹದಿನೆಂಟು. ನಿಂತ್ಕೊಳ್ಳೋಕೆ ಹೋದ್ರೆ ಮೂಲೆನೇ ಬರ್ತಿರ್ಲಿಲ್ಲ. ಆರೂ ಹನ್ನೆರಡೂ ಸೇರಿದ್ರೆ ಹದಿನೆಂಟೇ ಆಗುತ್ತಲ್ಲ, ಮೂರೂ ಜನ ಒಂದೇ ಗೆರೆ ಮೇಲೆ. ಈ ತುದಿ ನಾನು, ಆ ತುದಿ ನೀನು, ನಡುವೆ ಅವನು. ನೀನು ಅಳ್ತಿದ್ದೆ, 'ಇದು ತ್ರಿಭುಜವೇ ಅಲ್ಲ, ಮೋಸದ ಲೆಕ್ಕ' ಅಂತ. ಆಗ ಅವನು ಹೇಳ್ತಿದ್ದ, 'ತ್ರಿಭುಜವೇ ಕಣೇ. ಮಲಗಿದೆ ಅಷ್ಟೇ. ಸುಮ್ನಿರು, ಏಳುತ್ತೆ.' ಅಪ್ಪ ನಕ್ಕು ಹಗ್ಗ ಸುತ್ತೋರು. ಆಟ ಮುಗೀತು ಅಂತ.

ಆ ಹಗ್ಗ ಇನ್ನೂ ಇಲ್ಲೇ ಗೋಡೆ ಮೇಲಿದೆ. ಎರಡು ಮೊಳೆಗೆ ಹಾಕಿದ್ದೀನಿ, ದೊಡ್ಡ ಗಂಟು ಕೆಳಗೆ ನೇರ ತೂಗ್ತಿತ್ತು. ಈಗ ವಾರದಿಂದ ಅದು ನೇರ ಇಲ್ಲ ಅಕ್ಕ. ಬಾಗಿಲ ಕಡೆಗೆ ಒಂದು ಚೂರು ಓರೆ. ಫ್ಯಾನ್ ಆರಿಸಿ ನೋಡ್ದೆ. ಕಿಟಕಿ ಹಾಕಿ ನೋಡ್ದೆ. ಸೂಜಿಯಮ್ಮ 'ಗೋಡೆ ಸೊಟ್ಟ, ಇಲ್ದಿದ್ರೆ ನಿಮ್ಮ ಕಣ್ಣು ಸೊಟ್ಟ' ಅಂದ್ಲು. ಅಂದೋಳು ಆಮೇಲೆ ತನ್ನ ಮಿಷನ್ನನ್ನ ಗೋಡೆಯಿಂದ ಈಚೆಗೆ ಎಳ್ಕೊಂಡ್ಲು. ಯಾಕೆ ಅಂತ ನಾನೂ ಕೇಳ್ಲಿಲ್ಲ.

ಇಷ್ಟು ಹೇಳಿಬಿಡ್ತೀನಿ. ಗಂಟಣ್ಣ ಆ ಡೇರೆ ಕಟ್ಟೋ ತಂಡದ ಜೊತೆ ಲಾರಿ ಹತ್ತಿ ಹೋದ. ನಾಲ್ಕು ರಸ್ತೆ ಸೇರೋ ಕಡೆ ಇಳಿದು ರಸ್ತೆ ದಾಟಿ ಹೋದ, ವಾಪಸ್ ಬರ್ಲಿಲ್ಲ ಅಂತ ಅವರು ಹೇಳಿದ್ರು. ಹೆಣ ನೋಡಿದೋರು ಯಾರೂ ಇಲ್ಲ. ಆ ಮೂರನೇ ಲೆಕ್ಕ ಫೋನಲ್ಲಿ ಬಂತು ಅಂದ್ಕೋ, ಅಲ್ಲಿಗೆ ಮುಗೀತು, ನಾನು ಕಲ್ಲಿಗೆ ಕೈ ಹಾಕೋಕೆ ಯಾರನ್ನೂ ಬಿಡಲ್ಲ. ನೀನು ಬೈದ್ರೂ ಅಷ್ಟೇ.

ಬಂದ್ಲು, ಬಂದ್ಲು. ಇಡ್ತೀನಿ.


ಮಾರ್ಚ್ ೨೦
ಅಕ್ಕನ ಪತ್ರ

ಪ್ರೀತಿಯ ತಮ್ಮ,

ತಡವಾಯಿತು. ಬರೆದು ಹರಿದೆ, ಮತ್ತೆ ಬರೆದೆ.

ಎಂದೋ ನಿನಗೆ ಹೇಳಬೇಕಾಗಿದ್ದ ವಿಷಯವೊಂದಿದೆ. ಹೇಳುವಂಥ ಸಂದರ್ಭ ಬರಲಿಲ್ಲ, ಅಷ್ಟೆ. ಬಹಳ ವರ್ಷಗಳ ಹಿಂದೆ ಶಾಲೆಗಳಿಗಾಗಿ ಗಣಿತದ ಅಭ್ಯಾಸ ಪುಸ್ತಕ ಬರೆದೆನಲ್ಲ, ಅದರಲ್ಲಿ ತ್ರಿಭುಜದ ಬದಿಗಳ ಮೇಲೆ ಮಾತಿನ ಲೆಕ್ಕಗಳ ಒಂದು ಪಾಠವಿದೆ. ಹೊಸ ಲೆಕ್ಕ ಹೊಸೆಯಲು ಕುಳಿತಾಗ ತಲೆಗೆ ಬೇರೇನೂ ಬರಲಿಲ್ಲ. ಅಪ್ಪನ ಲೆಕ್ಕಗಳನ್ನೇ ಹಾಕಿದೆ. ಮೂರೂ. ಅದೇ ಮೂವತ್ತಾರು ಅಡಿ ಹಗ್ಗ, ಅದೇ ಕ್ರಮ. ಎಷ್ಟು ಸಾವಿರ ಮಕ್ಕಳು ಅವನ್ನು ಬಿಡಿಸಿದ್ದಾರೋ ಲೆಕ್ಕವಿಲ್ಲ. ಅವರಲ್ಲಿ ಒಬ್ಬ ಈಗ ದೊಡ್ಡವನಾಗಿ, ನೆರಳುಬಟ್ಟೆ ಬೇಕಾಗಿ, ತಮಾಷೆಗೆ ಅದೇ ಮಾತಿನಲ್ಲಿ ಅಳತೆ ಹೇಳುತ್ತಿದ್ದಾನೆ. ನೀನು ಲೇಖಕಿಯ ತಮ್ಮ ಎಂದು ಅವನಿಗೆ ಯಾರೋ ಹೇಳಿರಲೂಬಹುದು. ನಿನ್ನ ಊರಿನಲ್ಲಿ ನಿನ್ನ ಬಾಯಿಂದ ಅದನ್ನು ಕೇಳದವರು ಯಾರಿದ್ದಾರೆ?

ಆದ್ದರಿಂದ ಮೂರನೆಯ ಲೆಕ್ಕ ಬಂದರೂ ಗಾಬರಿಯಾಗಬೇಡ. ಪುಸ್ತಕ ಓದಿದವನಿಗೆ ಎರಡರ ನಂತರ ಮೂರು ಬರಲೇಬೇಕು.

ಹಗ್ಗ ಓರೆಯಾಗುವುದು ಹಳೆಯ ನಾರಿನ ಗುಣ. ಹವೆ ಒಣಗಿದರೆ ಹುರಿ ಬಿಚ್ಚುತ್ತದೆ. ಕೆಳಗಿಳಿಸಿ ಪೆಟ್ಟಿಗೆಗೆ ಹಾಕು.

ನಾನು ಅಳುತ್ತಿದ್ದೆ ಎಂದೆಯಲ್ಲ, ಮೋಸದ ಲೆಕ್ಕವೆಂದು ಅಳುತ್ತಿರಲಿಲ್ಲ. ಆ ಗೆರೆಯ ಮೇಲೆ ಅವನು ನಿನ್ನಿಂದ ಆರಡಿ ದೂರ, ನನ್ನಿಂದ ಹನ್ನೆರಡು. ಪ್ರತಿ ಸಲವೂ. ಅದಕ್ಕೆ ಅಳುತ್ತಿದ್ದೆ.

ಕಲ್ಲಿನ ಬಗ್ಗೆ ಬರೆ.

ಅಕ್ಕ


ಮಾರ್ಚ್ ೩೦
ಅಕ್ಕನ ಪತ್ರ

ತಮ್ಮ,

ಹತ್ತು ದಿನವಾಯಿತು. ಮಾತು ಕಲಿತ ಮೇಲೆ ನೀನು ಇಷ್ಟು ಹೊತ್ತು ಸುಮ್ಮನಿದ್ದದ್ದು ಇದೇ ಮೊದಲು. ಕೋಪವೇ? ಕೋಪವಿದ್ದರೆ ಕೋಪವನ್ನೇ ಮಾತಾಡಿ ಕಳಿಸು. ಬೆಳಿಗ್ಗೆ ಎದ್ದು ಫೋನ್ ನೋಡಿದರೆ ಏನೂ ಇರುವುದಿಲ್ಲ. ನಿನ್ನ ಹಳೆಯ ಸಂದೇಶಗಳನ್ನೇ ಹಾಕಿಕೊಂಡು ಕೇಳುತ್ತೇನೆ. ಮಾರ್ಚ್ ಹನ್ನೆರಡರದರಲ್ಲಿ, ನೀನು 'ಬಂದ್ಲು, ಬಂದ್ಲು' ಎನ್ನುವ ಮೊದಲು, ಯಾರೋ ಬಾಗಿಲು ತಟ್ಟುತ್ತಾರೆ. ಸೂಜಿಯಮ್ಮ ತಟ್ಟಿ ಒಳಗೆ ಬರುವವಳೇ?

ಅಕ್ಕ


ಏಪ್ರಿಲ್ ೩, ಗುರುವಾರ
ತಮ್ಮನ ಧ್ವನಿ ಸಂದೇಶ

ಅಕ್ಕಾ. ನಾನೇ.

ಕೋಪ ಏನಿಲ್ಲ. ನಿನ್ನ ಆ ಪತ್ರ ಓದಿದ ದಿನ ಅಂಗಡಿಯಲ್ಲಿ ಕೂತೇ ಇದ್ದೆ. ಸೂಜಿಯಮ್ಮ ಎರಡು ಸಲ ಕೆಣಕಿದ್ಲು, ನಾನು ಬಾಯಿ ಬಿಡ್ಲಿಲ್ಲ. ಹೆದರಿ ಹಣೆ ಮುಟ್ಟಿ ನೋಡಿದ್ಲು. 'ಮಾತಾಡಿ ಸಾರ್, ಮಿಷನ್ ಬೇಕಾದ್ರೆ ನಿಲ್ಲಿಸ್ತೀನಿ' ಅಂದ್ಲು ಪಾಪ.

ತಟ್ಟಿದ್ದು? ಅವಳು ತಟ್ಟೋಳಲ್ಲ, ಒದ್ದು ಬರೋಳು. ನೆನಪಿಲ್ಲ ನನಗೆ. ಬಾಗಿಲು ತೆಗೆದಾಗ ಅವಳೇ ಇದ್ಲು. ಹೋಗ್ಲಿ ಬಿಡು.

ನಿಜ ಹೇಳ್ಲಾ, ನಿನ್ನ ಪುಸ್ತಕದ ವಿಷಯ ಓದಿ ಮೊದಲು ಮೇಜಿನ ಮೇಲಿದ್ದ ಎರಡನೇ ಲೋಟದ ಟೀ ಎತ್ತಿ ಚೆಲ್ಲಿದೆ. ಆ ದನಿ ಬಂದಾಗಿಂದ ನಾನು ಎರಡು ಲೋಟ ಟೀ ತರಿಸ್ತಿದ್ದೆ ಗೊತ್ತಾ? ಒಂದು ಆರಿ ಹೋಗೋದು. ಹೀಗೇ ಅಮ್ಮನ ಥರ ಆಗಿಬಿಟ್ಟಿದ್ದೆ, ನನಗೇ ಗೊತ್ತಿಲ್ದೆ. ಆಮೇಲೆ ನಿಧಾನಕ್ಕೆ ಹಗುರ ಆಯ್ತು. ಯಾರೋ ನಿನ್ನ ಪುಸ್ತಕ ಓದಿದ ಮಗು. ಅಷ್ಟೇ ತಾನೇ.

ಮತ್ತೆ ನೀನು ಹೇಳಿದ ಹಾಗೇ ಆಯ್ತು. ಮೂರನೇದೂ ಬಂತು.

ನಿನ್ನೆ ಮಧ್ಯಾಹ್ನ, ಒಳ್ಳೇ ಬಿಸಿಲು. ಫೋನು ಎತ್ತಿದೆ. 'ಹಗ್ಗ ಮೂವತ್ತಾರಡಿ. ಎರಡನೇದು ಮೊದಲನೇದರ ಎರಡರಷ್ಟು. ಮೂರನೇದು ಮೊದಲನೇದರ ಮೂರರಷ್ಟು.' ನಾನು ಒಳಗೊಳಗೇ ನಕ್ಕೆ, ಬಂತಪ್ಪ ಅಕ್ಕನ ಪುಸ್ತಕದ ಹುಡುಗ ಅಂತ. 'ಸಾರ್, ಮೊದಲನೇದು ಒಂದು ಪಾಲು, ಎರಡನೇದು ಎರಡು, ಮೂರನೇದು ಮೂರು, ಒಟ್ಟು ಆರು ಪಾಲು. ಪಾಲಿಗೆ ಆರಡಿ. ಆರು, ಹನ್ನೆರಡು, ಹದಿನೆಂಟು. ಇದು ತ್ರಿಭುಜ ಆಗಲ್ಲ, ಬಟ್ಟೆಗೆ ಜಾಗವೇ ಇಲ್ಲ' ಅಂದೆ. ಅವನು, 'ಆಗುತ್ತೆ. ಮಲಗಿದೆ ಅಷ್ಟೇ' ಅಂದ.

ಅಕ್ಕಾ, ಗಂಟಣ್ಣನ ಮಾತನ್ನೂ ಪುಸ್ತಕದಲ್ಲಿ ಹಾಕಿದ್ದೀಯಲ್ಲ! ನನಗೆ ಕಣ್ಣಲ್ಲಿ ನೀರು ಬಂತು. ಕಲ್ಲಿಲ್ಲದೇನೇ ಅವನನ್ನ ಉಳಿಸಿದ್ದೀಯ ನೀನು. ಎಲ್ಲೆಲ್ಲಿಯ ಮಕ್ಕಳೋ ಅವನ ಮಾತು ಹೇಳ್ತಿದ್ದಾವೆ. ನಾನು ನಿನ್ನನ್ನ ಕಲ್ಲು ಮನಸ್ಸಿನೋಳು ಅಂದ್ಕೊಂಡಿದ್ದೆ. ಪುಸ್ತಕ ತರಿಸಿ ನೋಡೋಣ ಅಂದ್ಕೊಂಡೆ, ಆಮೇಲೆ ಯಾಕೆ, ಅಕ್ಕ ಬರೆದಿದ್ದಾಳೆ ಅಂದ್ರೆ ಬರೆದಿದ್ದಾಳೆ.

ಆರ್ಡರ್ ಬಿಡ್ಲಿಲ್ಲ, ಮಾಡಿದ್ದೀನಿ. ಮಲಗಿದ ತ್ರಿಭುಜ ಹೊಲಿಯೋದು ಹೇಗೆ ಅಂತ ಯೋಚ್ನೆ ಮಾಡಿ ಮಾಡಿ, ಕೊನೆಗೆ ಒಂದೇ ದಾರಿ. ಹೊಸ ಹಗ್ಗವನ್ನ ಎರಡು ಮಡಿಕೆ ಮಾಡಿ ಬಟ್ಟೆಯಲ್ಲಿ ಹೊಲಿದೆ, ಹದಿನೆಂಟಡಿ ಉದ್ದದ ಪಟ್ಟಿ. ಎರಡು ತುದಿಗೆ ಒಂದೊಂದು ಉಂಗುರ, ಈ ತುದಿಯಿಂದ ಆರಡಿಗೆ ಇನ್ನೊಂದು ಉಂಗುರ. ಸೂಜಿಯಮ್ಮ ಕೇಳಿದ್ಲು, 'ಇದು ನೆರಳೂ ಕೊಡಲ್ಲ, ಮಳೆನೂ ತಡೆಯಲ್ಲ, ಯಾವ ಪುಣ್ಯಾತ್ಮನಿಗೆ?' ಅಂತ. 'ಎಳೆದು ಹಿಡಿಯೋಕೆ' ಅಂದೆ. ಬಾಗಿಲ ಹತ್ರ ಮೊಳೆಗೆ ನೇತುಹಾಕಿದ್ದೀನಿ. ಅಪ್ಪನ ಹಗ್ಗ ನೀನು ಹೇಳಿದ ಹಾಗೆ ಪೆಟ್ಟಿಗೆಗೆ ಹಾಕಿದೆ. ಪೆಟ್ಟಿಗೆ ಮುಚ್ಚಳ ಸರಿ ಕೂರ್ತಿಲ್ಲ, ಮೇಲೆ ಇಸ್ತ್ರಿ ಪೆಟ್ಟಿಗೆ ಇಟ್ಟಿದ್ದೀನಿ.

ಒಂದು ಬದಲಾವಣೆ. ಮೊದಲೆರಡು ಸಲ ಯಾರಾದ್ರೂ ಬಂದು ತಗೋತಾರೆ ಅಂದಿದ್ದ, ಎರಡನೇದನ್ನೂ ನಾನಿಲ್ಲದಾಗಲೇ ಯಾರೋ ಒಯ್ದಿದ್ರು. ಈ ಸಲ 'ನಾನೇ ಬರ್ತೀನಿ, ಭಾನುವಾರ' ಅಂದ. ಬರ್ಲಿ, ಪುಸ್ತಕ ಬರೆದೋಳ ತಮ್ಮ ನಾನು ಅಂತ ಪರಿಚಯ ಮಾಡ್ಕೋತೀನಿ.

ಮತ್ತೆ, ಅಕ್ಕಾ... ಕಲ್ಲಿನೋನಿಗೆ ಹೇಳಿಬಿಟ್ಟೆ. ಶನಿವಾರ ಉಳಿ ಹಿಡೀತಾನೆ. ಹೆಸರು ಮಾತ್ರ, ವರ್ಷ ಬೇಡ ಅಂದಿದ್ದೀನಿ. ನೀನೇ ಗೆದ್ದೆ. ಸಮಾಧಾನ ಆಯ್ತಾ? ನನಗೂ ಆಗಿದೆ. ರಾತ್ರಿ ಒಳ್ಳೇ ನಿದ್ದೆ ಬಂತು.

ಗಂಟಲು ನೋಡ್ಕೋ.


ಏಪ್ರಿಲ್ ೩
ಅಕ್ಕನ ಪತ್ರ

ತಮ್ಮ,

ಅಂಚೆಗೆ ಕಾಯದೆ ಇದನ್ನು ಫೋಟೋ ತೆಗೆದು ನಿನ್ನ ಫೋನಿಗೆ ಕಳಿಸುತ್ತಿದ್ದೇನೆ. ಓದಿದ ತಕ್ಷಣ ಕಲ್ಲಿನವನಿಗೆ ಫೋನ್ ಮಾಡು. ಉಳಿ ಮುಟ್ಟಬಾರದು. ಮೊದಲು ಅದನ್ನು ಮಾಡಿ ಬಾ, ಆಮೇಲೆ ಉಳಿದದ್ದನ್ನು ಓದು.

ಮಾಡಿದೆಯಾ?

ಮೂರನೆಯ ಲೆಕ್ಕ ಪುಸ್ತಕದಲ್ಲಿಲ್ಲ.

ನಾನು ಬರೆದಿದ್ದೆ, ನಿಜ. ಪುಸ್ತಕ ನೋಡುವ ಸಮಿತಿಯವರು ಅದರ ಮೇಲೆ ಕೆಂಪು ಗೆರೆ ಎಳೆದರು. ಇಂಥ ತ್ರಿಭುಜ ಇರಲು ಸಾಧ್ಯವಿಲ್ಲ, ಮಕ್ಕಳಿಗೆ ಗೊಂದಲವಾಗುತ್ತದೆ ಎಂದರು. ಚಿಕ್ಕಂದಿನಲ್ಲಿ ನಾನೂ ಬಾಯಲ್ಲಿ ಅದನ್ನೇ ಹೇಳಿದವಳಲ್ಲವೇ, ವಾದಿಸಲಿಲ್ಲ. ಒಂದಕ್ಕಿಂತ ಒಂದು ಎರಡಡಿ ಹೆಚ್ಚಿರುವ ಸಪ್ಪೆ ಲೆಕ್ಕವೊಂದನ್ನು ಆ ಜಾಗಕ್ಕೆ ಹಾಕಿದೆ. ಹತ್ತು, ಹನ್ನೆರಡು, ಹದಿನಾಲ್ಕು. ಪುಸ್ತಕ ಓದಿದ ಮಗು ನಿನಗೆ ಅದನ್ನು ಕೇಳಬೇಕಿತ್ತು.

ನಿನಗೆ ಮಾತ್ರ 'ಮೂರೂ' ಎಂದು ಬರೆದೆ. ಕಾಯುವುದನ್ನು ನೀನು ಬಿಡಲಿ, ಕಲ್ಲಿನ ಕೆಲಸ ಮುಗಿಯಲಿ, ಅಷ್ಟೇ ನನಗೆ ಬೇಕಾಗಿದ್ದದ್ದು. ಮೂರನೆಯದು ಬರುವುದೇ ಇಲ್ಲ, ಅಥವಾ ಸಪ್ಪೆಯದು ಬರುತ್ತದೆ, ನೀನು ಅದನ್ನು ನನಗೆ ಹೇಳುತ್ತೀಯ, ನಾನು ಒಳಗೇ ನಿಟ್ಟುಸಿರು ಬಿಡುತ್ತೇನೆ ಎಂದುಕೊಂಡಿದ್ದೆ. ನಾನೂ ಕಾಯುತ್ತಿದ್ದೆ ಕಣೋ. ನಿನಗೆ ತಿಳಿಯದ ಹಾಗೆ ಕಾಯುತ್ತಿದ್ದೆ.

ಮಲಗಿದೆ ಎಂಬ ಮಾತನ್ನು ನಾನು ಎಲ್ಲಿಯೂ ಬರೆದಿಲ್ಲ. ಯಾವ ತರಗತಿಯಲ್ಲೂ ಹೇಳಿಲ್ಲ. ಆ ಮಾತನ್ನು ಕೇಳಿದವರು ಈಗಿಲ್ಲದ ಅಪ್ಪ, ನೀನು, ನಾನು. ಹೇಳಿದವನು ಒಬ್ಬ.

ನಿನ್ನ ಸಂದೇಶ ಕೇಳಿ ಮುಗಿಸಿದಾಗ ನನ್ನ ಬಾಯಿಂದ ದನಿ ಬಂತು. ಆಪರೇಷನ್ ಆದ ಮೇಲೆ ಮೊದಲ ಸಲ. ಅವನ ಹೆಸರು. ಮನೆಯಲ್ಲಿ ಯಾರೂ ಇರಲಿಲ್ಲ, ಆದರೂ ಮುಂಬಾಗಿಲ ಕಡೆ ತಿರುಗಿ ನೋಡಿದೆ. ಅಮ್ಮ ನೋಡುತ್ತಿದ್ದ ಹಾಗೆಯೇ.

ಬಂದವನು ಯಾರಾಗಿರುತ್ತಾನೋ ನನಗೆ ಗೊತ್ತಿಲ್ಲ. ಬದುಕಿದವನೋ, ಏನೋ. ಕೇಳಬೇಕಾದ ಪ್ರಶ್ನೆಯನ್ನು ಕೇಳಲೂ ಭಯವಾಗುತ್ತಿದೆ. ಆದರೆ ಪಟ್ಟಿಯನ್ನು ಕೊಟ್ಟು ಕಳಿಸಿಬಿಡಬೇಡ. ಮೊದಲೆರಡು ಸಲ ಹಾಗೆ ಕಳಿಸಿದ್ದು ಸಾಕು. ಸೂಜಿಯಮ್ಮನಿಗೆ ಅಂದು ರಜೆ ಕೊಡಬೇಡ, ಅವಳು ಇರಲಿ. ಅಪ್ಪನ ಹಗ್ಗವನ್ನು ಪೆಟ್ಟಿಗೆಯಿಂದ ತೆಗೆದು ಮತ್ತೆ ಗೋಡೆಗೆ ಹಾಕು. ಇಸ್ತ್ರಿ ಪೆಟ್ಟಿಗೆ ಹೇರಿ ಮುಚ್ಚುವಂಥದ್ದಲ್ಲ ಅದು. ಟೀ ಎರಡು ಲೋಟವೇ ತರಿಸು.

ರೈಲಿಗೆ ಟಿಕೆಟ್ ಸಿಕ್ಕಿದೆ. ಭಾನುವಾರ ಮಧ್ಯಾಹ್ನ ತಲುಪುತ್ತೇನೆ. ಅವನು ಬೆಳಿಗ್ಗೆಯೇ ಬಂದರೆ, ಆ ಪಟ್ಟಿಯ ನಡುವಿನ ಉಂಗುರವನ್ನು ಅವನ ಕೈಗೆ ಕೊಡು. ಆರಡಿಯ ತುದಿಯನ್ನು ನೀನು ಬಿಗಿಯಾಗಿ ಹಿಡಿದುಕೋ. ಹಿಡಿದುಕೊಂಡು ಮಾತಾಡುತ್ತಿರು. ಏನನ್ನಾದರೂ ಮಾತಾಡು, ಅಂಗ್ಡಿ, ಮಿಷನ್ನು, ಕಲ್ಲಿನೋನು, ನನ್ನ ಗಂಟಲು. ಆ ಒಂದು ಕೆಲಸದಲ್ಲಿ ನಿನ್ನನ್ನು ಮೀರಿಸುವವರಿಲ್ಲ. ಇಷ್ಟು ವರ್ಷ ಸಾಕು ನಿಲ್ಲಿಸು ಎಂದು ಬೈದವಳೇ ಕೇಳುತ್ತಿದ್ದೇನೆ, ನಾನು ಬಾಗಿಲಿಗೆ ಬರುವವರೆಗೂ ನಿಲ್ಲಿಸಬೇಡ.

ಹನ್ನೆರಡು ಅಡಿ ಈಚೆ ನನ್ನ ತುದಿ ಖಾಲಿ ಇರಲಿ.

ಅಕ್ಕ